ಸಡಿಲಿಸಿದ ತಂತಿಗಳು, ತೆರೆಯ ಹಿಂದಿನ ಪಿಯಾನೋ ವಾದಕ

ಹವಾಯಿ ದ್ವೀಪಗಳ ಹಳೆಯ ಗಿಟಾರ್ ವಾದಕರ ಬಗ್ಗೆ ಒಂದು ಮಾತು ಅಲ್ಲಿ ಇಂದಿಗೂ ಬಾಯಿಂದ ಬಾಯಿಗೆ ಸಾಗಿ ಬರುತ್ತಿದೆ. ಹಾಡು ಮುಗಿಸಿ ಗಿಟಾರನ್ನು ಗೋಡೆಗೆ ಒರಗಿಸುವ ಮೊದಲು ಅವರು ಬಿರಡೆಗಳನ್ನು ತಿರುಗಿಸಿ ಶ್ರುತಿ ಕೆಡಿಸಿಬಿಡುತ್ತಿದ್ದರಂತೆ. ತಾವು ಎದ್ದು ಹೋದ ಮೇಲೆ ಇನ್ನೊಬ್ಬರು ವಾದ್ಯ ಎತ್ತಿಕೊಂಡು ತಂತಿ ಮೀಟಿದರೆ ಮನೆಯ ಗುಟ್ಟು ಹೊರಬೀಳುತ್ತದೆ ಎಂಬ ಎಚ್ಚರ. ಅಪರಿಚಿತರು ಬಂದರೆ ಬೆನ್ನು ತಿರುಗಿಸಿ ನುಡಿಸುವವರೂ ಇದ್ದರಂತೆ.

ನಮಗೆ ಇದು ವಿಚಿತ್ರವೆನಿಸಬಹುದು. ವೀಣೆಯ ತಂತಿಗಳನ್ನು ಯಾವ ಸ್ವರಗಳಿಗೆ ಕೂಡಿಸಬೇಕೆಂದು ಪಾಠಕ್ಕೆ ಬರುವ ಮಗುವಿಗೂ ಗೊತ್ತು. ಘರಾಣೆಯ ಗುಟ್ಟು, ಗುರುಮನೆಯ ಗುಟ್ಟು ಏನಿದ್ದರೂ ಬೆರಳಲ್ಲಿ, ಗಮಕದಲ್ಲಿ, ಹಾಡಿನ ಪಾಠಾಂತರದಲ್ಲಿ ಇರುತ್ತದೆ. ಹವಾಯಿಯ ಈ ಗಿಟಾರ್ ಶೈಲಿಯಲ್ಲಿ ಯಾವ ತಂತಿಯನ್ನು ಎಷ್ಟು ಸಡಿಲಿಸಬೇಕು ಎಂಬುದೇ ವಿದ್ಯೆಯ ಅರ್ಧ ಭಾಗ. ಶೈಲಿಯ ಹೆಸರೂ ಅದೇ: ‘ಕೀ ಹೋಅಲು’, ಅಂದರೆ ಬಿರಡೆಯನ್ನು ಸಡಿಲಿಸು. ಹೊರಜಗತ್ತು ಇದನ್ನು ಸ್ಲ್ಯಾಕ್ ಕೀ ಗಿಟಾರ್ ಎಂದು ಕರೆಯುತ್ತದೆ. ಈ ಗುಟ್ಟುಗಳು ಹಿರಿಯರ ಜೊತೆ ಮಣ್ಣಾಗದೆ ಉಳಿದದ್ದಕ್ಕೆ ಹಲವರು ಕಾರಣ. ಅವರಲ್ಲಿ ಒಬ್ಬ ಹವಾಯಿಯವನಲ್ಲ, ವೃತ್ತಿಯಿಂದ ಗಿಟಾರ್ ವಾದಕನೂ ಅಲ್ಲ. ಪಿಯಾನೋ ನುಡಿಸಿ ಜಗತ್ತಿನಾದ್ಯಂತ ಹೆಸರು ಮಾಡಿದ್ದ ಜಾರ್ಜ್ ವಿನ್‌ಸ್ಟನ್ ಈ ಕೆಲಸಕ್ಕೆ ತೆರೆಯ ಹಿಂದೆ ನಿಂತವರು. ಅವರು ಉಳಿಸಿದ್ದು ಏನು ಎಂದು ತಿಳಿಯಬೇಕಾದರೆ ಮೊದಲು ತಂತಿಗಳ ಲೆಕ್ಕ ತಿಳಿಯಬೇಕು. ಅದಕ್ಕೂ ಮೊದಲು ದನಗಳ ಕಥೆ.

1793ರಲ್ಲಿ ಬ್ರಿಟಿಷ್ ನೌಕಾಧಿಕಾರಿ ಜಾರ್ಜ್ ವ್ಯಾಂಕೂವರ್ ಹವಾಯಿಯ ದೊರೆ ಒಂದನೆಯ ಕಮೇಹಮೇಹನಿಗೆ ಕೆಲವು ದನಗಳನ್ನು ಉಡುಗೊರೆ ಕೊಟ್ಟ. ಸಂತತಿ ಬೆಳೆಯಲಿ ಎಂದು ದೊರೆ ಹತ್ತು ವರ್ಷ ಅವನ್ನು ಕೊಲ್ಲದಂತೆ ‘ಕಪು’ ಹಾಕಿದ. ಕಪು ಎಂದರೆ ಮೀರಿದರೆ ತಲೆದಂಡವೇ ಆಗಬಹುದಾದ ನಿಷೇಧ. ದನಗಳು ಬೆಳೆದವು, ಕಾಡು ಸೇರಿದವು, ಕೆಸುವಿನ ಗದ್ದೆಗಳಿಗೆ ನುಗ್ಗಿ ಜನರಿಗೆ ಸಾಕುಸಾಕು ಮಾಡಿದವು. ಕೊನೆಗೆ 1830ರ ದಶಕದಲ್ಲಿ ಮೂರನೆಯ ಕಮೇಹಮೇಹ, ಆಗ ಮೆಕ್ಸಿಕೋದ ಭಾಗವಾಗಿದ್ದ ಕ್ಯಾಲಿಫೋರ್ನಿಯಾದಿಂದ ಕುದುರೆ ಸವಾರಿಯ ದನಗಾಹಿಗಳನ್ನು ಕರೆಸಿದ. ‘ಎಸ್ಪಾನ್ಯೋಲ್’ ಎಂಬ ಪದ ದ್ವೀಪದವರ ನಾಲಗೆಯಲ್ಲಿ ‘ಪನಿಯೋಲೋ’ ಆಯಿತು. ಇಂದಿಗೂ ಹವಾಯಿಯ ದನಗಾಹಿಗೆ ಅದೇ ಹೆಸರು. ಹಗಲಿಡೀ ಮಂದೆ ಅಟ್ಟಿ ರಾತ್ರಿ ಬೆಂಕಿಯ ಸುತ್ತ ಕುಳಿತಾಗ ಅವರ ಕೈಯಲ್ಲಿ ಇರುತ್ತಿದ್ದದ್ದು ಗಿಟಾರ್.

ದನಗಾಹಿಗಳಲ್ಲಿ ಹಲವರು ಊರಿಗೆ ಮರಳಿದರು, ಗಿಟಾರ್ ಉಳಿಯಿತು. ಅದನ್ನು ಹೇಗೆ ಶ್ರುತಿ ಮಾಡಬೇಕೆಂದು ಹೇಳಿಕೊಡಲು ಪಕ್ಕದಲ್ಲಿ ಗುರುವಿರಲಿಲ್ಲ. ದ್ವೀಪದವರು ತಮ್ಮ ಕಿವಿಗೆ ಇಂಪಾಗುವವರೆಗೆ ಬಿರಡೆ ತಿರುಗಿಸಿದರು. ಅವರ ಕಿವಿಯಲ್ಲಿ ಆಗಲೇ ಎರಡು ಬಗೆಯ ಹಾಡುಗಳಿದ್ದವು. ಒಂದು, ಕೆಲವೇ ಸ್ವರಗಳ ಸುತ್ತ ಸುಳಿಯುವ ತಮ್ಮದೇ ಪ್ರಾಚೀನ ಪಠಣ. ಇನ್ನೊಂದು, 1820ರಲ್ಲಿ ಬಂದಿಳಿದ ಕ್ರೈಸ್ತ ಮಿಷನರಿಗಳು ಕಲಿಸಿದ, ಹಲವು ದನಿಗಳು ಒಟ್ಟಿಗೆ ಸಾಗುವ ಪ್ರಾರ್ಥನಾ ಗೀತೆ. ಎರಡಕ್ಕೂ ಒಗ್ಗುವಂತೆ ತಂತಿಗಳು ಸಡಿಲಗೊಂಡವು. ಮೊದಲ ದಿನಗಳ ಬಗ್ಗೆ ಬರಹದ ದಾಖಲೆ ಬಹಳ ಕಡಿಮೆ. ಆದರೆ ಸಂಗೀತವನ್ನು ಕೇಳಿದರೆ ಈ ಎರಡೂ ಎಳೆಗಳು ಕಿವಿಗೆ ಬೀಳುತ್ತವೆ.

ಈಗ ತಂತಿಗಳಿಗೆ ಬರೋಣ. ಸಾಮಾನ್ಯವಾಗಿ ಗಿಟಾರಿನ ಆರು ತಂತಿಗಳನ್ನು ದಪ್ಪ ತಂತಿಯಿಂದ ತೆಳು ತಂತಿಯವರೆಗೆ ಇ, ಎ, ಡಿ, ಜಿ, ಬಿ, ಇ ಎಂಬ ಸ್ವರಗಳಿಗೆ ಕೂಡಿಸುತ್ತಾರೆ. ಬೆರಳು ಒತ್ತದೆ ಎಲ್ಲವನ್ನೂ ಒಟ್ಟಿಗೆ ಮೀಟಿದರೆ ಕಿವಿಗೆ ಹಿತವಾಗುವುದಿಲ್ಲ. ಹವಾಯಿಯಲ್ಲಿ ಅತ್ಯಂತ ಬಳಕೆಯಲ್ಲಿರುವ ಶ್ರುತಿಯಲ್ಲಿ ಮೂರು ತಂತಿಗಳನ್ನು ಎರಡೆರಡು ಸ್ವರಸ್ಥಾನ ಇಳಿಸುತ್ತಾರೆ. ಆಗ ಸಿಗುವುದು ಡಿ, ಜಿ, ಡಿ, ಜಿ, ಬಿ, ಡಿ. ಇದರ ಹೆಸರು ‘ಟಾರೋ ಪ್ಯಾಚ್’, ನಮ್ಮ ಮಾತಿನಲ್ಲಿ ಕೆಸುವಿನ ಮಡಿ. ಜಿ ಸ್ವರವನ್ನು ಷಡ್ಜವೆಂದು ಇಟ್ಟುಕೊಂಡು ಓದಿದರೆ ಕರ್ನಾಟಕ ಸಂಗೀತ ಬಲ್ಲವರಿಗೆ ಇದು ತಟ್ಟನೆ ತಿಳಿಯುತ್ತದೆ: ಪ, ಸ, ಪ, ಸ, ಗ, ಪ. ಗಾಂಧಾರ ಅಂತರ ಗಾಂಧಾರ. ಅಂದರೆ ಹೆಚ್ಚುಕಡಿಮೆ ತಂಬೂರಿಯೊಂದನ್ನು ಗಿಟಾರಿನ ಒಳಗೆ ಕೂರಿಸಿದ ಹಾಗೆ. ಬೆರಳು ತಾಗಿಸದಿದ್ದರೂ ತಂತಿಗಳೆಲ್ಲ ಒಂದಕ್ಕೊಂದು ಹೊಂದಿ ದನಿಗೊಡುತ್ತವೆ.

ಇದರ ಲಾಭವೇನು? ಎಡಗೈಗೆ ಬಿಡುವು ಸಿಗುತ್ತದೆ. ಆಧಾರದ ಸ್ವರಗಳಿಗೆ ಬೆರಳು ಒತ್ತುವ ಕೆಲಸವಿಲ್ಲ, ಅವು ತೆರೆದ ತಂತಿಗಳಲ್ಲೇ ಇವೆ. ಬಲಗೈಯ ಹೆಬ್ಬೆರಳು ದಪ್ಪ ತಂತಿಗಳ ಮೇಲೆ ಒಂದೇ ನಡೆಯಲ್ಲಿ ಹಿಂದೆ ಮುಂದೆ ಹೆಜ್ಜೆ ಹಾಕುತ್ತದೆ, ಉಳಿದ ಬೆರಳುಗಳು ತೆಳು ತಂತಿಗಳ ಮೇಲೆ ಹಾಡನ್ನು ಬಿಡಿಸುತ್ತವೆ. ಒಬ್ಬನೇ ಮನುಷ್ಯ ತಾಳವನ್ನೂ ಶ್ರುತಿಯನ್ನೂ ಹಾಡನ್ನೂ ಹೊರುತ್ತಾನೆ. ನಾನು ಮೊದಲ ಸಲ ಇಂಥ ಧ್ವನಿಮುದ್ರಣ ಕೇಳಿದಾಗ ಇಬ್ಬರು ಕೂಡಿ ನುಡಿಸುತ್ತಿದ್ದಾರೆ ಎಂದೇ ತಿಳಿದಿದ್ದೆ. ಒಬ್ಬರೇ ಎಂದು ಗೊತ್ತಾದಾಗ ಮತ್ತೆ ಮೊದಲಿನಿಂದ ಹಾಕಿ ಕೇಳಿದೆ.

ಆದರೆ ಕೆಸುವಿನ ಮಡಿ ಬರೀ ಹೊಸ್ತಿಲು. ಅಲ್ಲಿನ ಷಡ್ಜದ ಒಂದು ತಂತಿಯನ್ನು, ತೆಳು ತಂತಿಯ ಕಡೆಯಿಂದ ಎಣಿಸಿದರೆ ಮೂರನೆಯದನ್ನು, ಅರ್ಧ ಸ್ವರ ಇಳಿಸಿದರೆ ಅದು ಕಾಕಲಿ ನಿಷಾದದಲ್ಲಿ ನಿಲ್ಲುತ್ತದೆ. ಇಂಥ ಶ್ರುತಿಗಳಿಗೆ ‘ವಹೀನೆ’ ಎಂದು ಹೆಸರು. ಆ ಪದಕ್ಕೆ ಹೆಣ್ಣು ಎಂದು ಅರ್ಥ. ವಾದಕ ಆ ತಂತಿಯನ್ನು ಮೀಟಿ, ನಾದ ಆರುವ ಮೊದಲೇ ಮೊದಲ ಮೆಟ್ಟಿನ ಮೇಲೆ ಬೆರಳು ತಟ್ಟುತ್ತಾನೆ. ನಿಷಾದ ಜಾರಿ ಷಡ್ಜಕ್ಕೆ ಸೇರುತ್ತದೆ. ಮತ್ತೆ ಮತ್ತೆ ಬರುವ ಈ ಸಣ್ಣ ಏರಿಕೆಯೇ ಆ ಶ್ರುತಿಯ ಉಸಿರು. ಇನ್ನೊಂದು ‘ಮೌನ ಲೋವ’, ಅಲ್ಲಿನ ಜ್ವಾಲಾಮುಖಿ ಪರ್ವತದ ಹೆಸರನ್ನೇ ಹೊತ್ತ ಶ್ರುತಿ. ಸಿ ಷಡ್ಜವಾದರೆ ಅದು ಸ, ಪ, ಗ, ಪ, ಧ, ಗ. ಕೊನೆಯ ಎರಡು ತಂತಿಗಳ ನಡುವಿನ ಅಂತರ ಇಲ್ಲಿ ಎಂದಿಗಿಂತ ಹೆಚ್ಚು, ಷಡ್ಜದಿಂದ ಪಂಚಮಕ್ಕೆ ಇರುವಷ್ಟು. ಹಾಗಾಗಿ ಪಕ್ಕಪಕ್ಕದ ತಂತಿಗಳಲ್ಲೇ ಎರಡು ದನಿಗಳನ್ನು ಜೋಡಿಯಾಗಿ ನಡೆಸುವುದು ಸುಲಭ. ಹೆಸರಿಗೆ ಸಡಿಲಿಸುವ ಶೈಲಿಯಾದರೂ ಈ ಶ್ರುತಿಯಲ್ಲಿ ತೆಳು ತಂತಿಯ ಕಡೆಯಿಂದ ನಾಲ್ಕನೆಯದನ್ನು ಬಿಗಿ ಮಾಡಬೇಕು. ನಿಯಮಕ್ಕಿಂತ ಕಿವಿ ದೊಡ್ಡದು ಎಂದು ನಂಬಿದವರ ವಿದ್ಯೆ ಇದು.

ಇಂಥ ಶ್ರುತಿಗಳು ಹತ್ತಾರು. ಒಂದೊಂದು ಕುಟುಂಬಕ್ಕೆ, ಒಂದೊಂದು ಕಣಿವೆಗೆ ತನ್ನದೇ ಬಗೆ. ಇಲ್ಲಿಯೇ ತೊಡಕು. ಹಾಡಿನ ಧಾಟಿಯನ್ನು ಕೇಳಿ ಕಲಿಯಬಹುದು, ಸ್ವರಲಿಪಿಯಲ್ಲಿ ಬರೆದಿಡಬಹುದು. ಆದರೆ ತಂತಿಗಳನ್ನು ಹೇಗೆ ಕೂಡಿಸಿದ್ದರು ಎಂದು ತಿಳಿಯದಿದ್ದರೆ ಅದೇ ಧಾಟಿ ಬೇರೆ ಗಿಟಾರಿನಲ್ಲಿ ಒಣಗಿ ಹೋಗುತ್ತದೆ. ಜೊತೆಗೆ ಮಿಡಿಯುವ ತೆರೆದ ತಂತಿಗಳ ನಾದವಿಲ್ಲ, ನಿಷಾದದಿಂದ ಜಾರುವ ಆ ಏರಿಕೆಯಿಲ್ಲ. ಗುಟ್ಟು ಬಲ್ಲ ಅಜ್ಜ ತೀರಿಕೊಂಡರೆ ಹಾಡು ಉಳಿದೂ ಅದರ ನಾದ ಸತ್ತಂತೆ.

ಗುಟ್ಟು ಮಾಡುವ ಈ ಸ್ವಭಾವವನ್ನು ಸಣ್ಣತನ ಎಂದು ತಳ್ಳಿಹಾಕಲು ನನಗೆ ಮನಸ್ಸಿಲ್ಲ. ಆ ಜನರಿಂದ ಏನೇನು ಕಿತ್ತುಕೊಳ್ಳಲಾಗಿತ್ತು ಎಂದು ನೋಡಿದರೆ ಅದು ಅರ್ಥವಾಗುತ್ತದೆ. 1874ರಿಂದ 1891ರವರೆಗೆ ಆಳಿದ ದೊರೆ ಕಲಾಕೌವ, ಮಿಷನರಿಗಳು ಹೀಯಾಳಿಸಿದ್ದ ಹುಲಾ ನೃತ್ಯವನ್ನು ಮತ್ತೆ ಅರಮನೆಯ ಅಂಗಳಕ್ಕೆ ತಂದಿದ್ದ. ಅವನ ಕಾಲದಲ್ಲಿ ಗಿಟಾರ್ ಹುಲಾದ ಜೊತೆಗೂಡಿತು. ಅವನ ತಂಗಿ ಲಿಲಿಉವೊಕಲಾನಿ ರಾಣಿಯಾದ ಎರಡೇ ವರ್ಷಕ್ಕೆ, 1893ರಲ್ಲಿ, ಬಿಳಿಯ ವ್ಯಾಪಾರಿಗಳೂ ಜಮೀನುದಾರರೂ ಸೇರಿ ಅವಳ ಸಿಂಹಾಸನ ಕಸಿದರು. 1896ರ ಕಾಯ್ದೆ ಶಾಲೆಗಳಿಂದ ಹವಾಯಿಯನ್ ಭಾಷೆಯನ್ನು ಹೊರಹಾಕಿ ಇಂಗ್ಲಿಷನ್ನು ಕೂರಿಸಿತು. 1898ರಲ್ಲಿ ದ್ವೀಪಗಳು ಅಮೆರಿಕದ ಪಾಲಾದವು. ನೆಲ, ನುಡಿ, ರಾಜ್ಯ ಎಲ್ಲವೂ ಹೋದ ಮೇಲೆ ಹಿತ್ತಲಿನಲ್ಲಿ ಉಳಿದ ಆರು ತಂತಿಗಳ ಗುಟ್ಟನ್ನಾದರೂ ಜೋಪಾನ ಮಾಡಬೇಕೆಂದು ಅನ್ನಿಸಿದ್ದರೆ ತಪ್ಪೇನು?

ಹೊರಗೆ ಹವಾಯಿ ಸಂಗೀತದ ಹೆಸರಿನಲ್ಲಿ ಇನ್ನೊಂದು ಜಾತ್ರೆ ನಡೆದಿತ್ತು. 1915ರ ಸ್ಯಾನ್‌ಫ್ರಾನ್ಸಿಸ್ಕೋ ಜಾಗತಿಕ ಪ್ರದರ್ಶನದ ನಂತರ ಅಮೆರಿಕಕ್ಕೆ ಹವಾಯಿಯ ಹುಚ್ಚು ಹಿಡಿಯಿತು. 1935ರಿಂದ ವೈಕೀಕೀ ಕಡಲತೀರದ ಹೋಟೆಲಿನಿಂದ ರೇಡಿಯೋ ಕಾರ್ಯಕ್ರಮ ವಾರವಾರ ಬಿತ್ತರವಾಯಿತು. ಪ್ರವಾಸಿಗರು ಕೇಳಿದ್ದು ಇಂಗ್ಲಿಷ್ ಬೆರೆತ ಹಾಡುಗಳನ್ನು. ಕೀ ಹೋಅಲು ಆ ವೇದಿಕೆಯಿಂದ ದೂರವೇ ಉಳಿಯಿತು.

ಅದು ಮೊದಲ ಬಾರಿ ಮಾರಾಟದ ಗ್ರಾಮಫೋನ್ ತಟ್ಟೆಯ ಮೇಲೆ ಅಚ್ಚಾದದ್ದು 1946ರಲ್ಲಿ. ನುಡಿಸಿ ಹಾಡಿದವರು ಗ್ಯಾಬಿ ಪಹಿನುಯಿ, ವೈಪಿಯೋ ಕಣಿವೆಯ ಹಿಇಲವೆ ಜಲಪಾತದ ಹೆಸರಿನ ಹಾಡು. ಗ್ಯಾಬಿ ಹೊನೊಲುಲು ನಗರದ ರಸ್ತೆ ಕೆಲಸದ ಕೂಲಿಗಾರರ ತಂಡದಲ್ಲಿ ದುಡಿಯುತ್ತಿದ್ದವರು. ವಾರದ ಕೊನೆಗೆ ವೈಮಾನಲೋದ ಅವರ ಮನೆಯಂಗಳದಲ್ಲಿ ಊರಿನ ವಾದಕರೆಲ್ಲ ಸೇರುತ್ತಿದ್ದರು. ಹೀಗೆ ಮನಬಂದಂತೆ ಕೂಡಿ ನುಡಿಸುವುದಕ್ಕೆ ಅಲ್ಲಿ ‘ಕನಿಕಪಿಲ’ ಎನ್ನುತ್ತಾರೆ. ಲೆನರ್ಡ್ ಕ್ವಾನ್, ಸನ್ನಿ ಚಿಲ್ಲಿಂಗ್‌ವರ್ತ್, ಆಟಾ ಐಸಾಕ್ಸ್, ಹುಡುಗನಾಗಿದ್ದಾಗ ಮೀನು ಹಿಡಿದು ಕೊಟ್ಟು ದನಗಾಹಿಯೊಬ್ಬರಿಂದ ಪಾಠ ಹೇಳಿಸಿಕೊಂಡ ರೇಮಂಡ್ ಕಾನೆ, ಇವರೆಲ್ಲ ಆ ತಲೆಮಾರಿನ ದೊಡ್ಡ ಹೆಸರುಗಳು. 1970ರ ದಶಕದಲ್ಲಿ ಹವಾಯಿಯ ಯುವಕರು ತಮ್ಮ ಭಾಷೆ, ನೃತ್ಯ, ನೌಕಾಯಾನವನ್ನೆಲ್ಲ ಮರಳಿ ಹುಡುಕತೊಡಗಿದಾಗ ಸಡಿಲ ತಂತಿಯ ಗಿಟಾರ್ ಅವರ ಕೈಗೆ ಬಂತು. 1973ರಲ್ಲಿ ಕೆಯೋಲಾ ಬೀಮರ್ ಎಂಬ ತರುಣ ಕಲಿಕೆಯ ಪುಸ್ತಕವನ್ನೇ ಅಚ್ಚು ಹಾಕಿಸಿದರು. ಆದರೂ ಹಿರಿಯರ ಕೈಯಲ್ಲಿದ್ದದ್ದರಲ್ಲಿ ಬಹುಪಾಲು ಕೈಯಲ್ಲೇ ಇತ್ತು. ಗ್ಯಾಬಿ 1980ರಲ್ಲಿ ತೀರಿಕೊಂಡರು, 1983ರಲ್ಲಿ ಆಟಾ ಐಸಾಕ್ಸ್.

ಜಾರ್ಜ್ ವಿನ್‌ಸ್ಟನ್ ಈ ಕಥೆಯೊಳಗೆ ಕಾಲಿಡುವುದು ಇದೇ ಹೊತ್ತಿಗೆ. 1949ರಲ್ಲಿ ಮಿಷಿಗನ್‌ನಲ್ಲಿ ಹುಟ್ಟಿ ಮಾಂಟಾನಾದ ಬಯಲಿನಲ್ಲಿ ಬೆಳೆದವರು. 1980ರ ದಶಕದ ಆರಂಭದಲ್ಲಿ ಋತುಗಳನ್ನು ಕುರಿತ ಅವರ ಪಿಯಾನೋ ಆಲ್ಬಂಗಳು ಲಕ್ಷಗಟ್ಟಲೆ ಮಾರಾಟವಾದವು. ವೇದಿಕೆಗೆ ಬೂಟು ಕಳಚಿ ಕಾಲುಚೀಲದಲ್ಲೇ ಬರುತ್ತಿದ್ದ ಮನುಷ್ಯ. ಪಿಯಾನೋ ಕಚೇರಿಯ ನಡುವೆ ಗಿಟಾರ್ ಎತ್ತಿಕೊಂಡು ಒಂದು ಸಡಿಲ ತಂತಿಯ ರಚನೆ ನುಡಿಸಿ ಸಭಿಕರಿಗೆ ಅದರ ಪರಿಚಯ ಮಾಡಿಸುವುದು ಅವರ ರೂಢಿ. ಪಿಯಾನೋ ವಾದಕನಿಗೆ ಈ ಗಿಟಾರಿನ ಮೋಹ ಏಕೆ ಹತ್ತಿತು ಎಂದು ನನಗೆ ಹೊಳೆದ ಉತ್ತರ ಇದು: ಎಡಗೈಯಲ್ಲಿ ತಾಳದ ನಡೆ, ಬಲಗೈಯಲ್ಲಿ ಹಾಡು ಎಂಬ ಪಿಯಾನೋದ ಕ್ರಮವೂ, ಹೆಬ್ಬೆರಳಿನಲ್ಲಿ ನಡೆ, ಉಳಿದ ಬೆರಳುಗಳಲ್ಲಿ ಹಾಡು ಎಂಬ ಕೀ ಹೋಅಲು ಕ್ರಮವೂ ಅಕ್ಕತಂಗಿಯರು.

1983ರಲ್ಲಿ ಅವರು ‘ಡ್ಯಾನ್ಸಿಂಗ್ ಕ್ಯಾಟ್’ ಎಂಬ ಸಣ್ಣ ಧ್ವನಿಮುದ್ರಣ ಸಂಸ್ಥೆ ಕಟ್ಟಿದರು. ಹವಾಯಿಯ ಹಿರಿಯರನ್ನು ಮುದ್ರಿಸಿಕೊಳ್ಳುವ ಕೆಲಸ ವರ್ಷಗಟ್ಟಲೆ ನಡೆದು, 1994ರಿಂದ ಆಲ್ಬಂಗಳು ಒಂದರ ಹಿಂದೆ ಒಂದು ಹೊರಬಂದವು. ರೇಮಂಡ್ ಕಾನೆ, ಸನ್ನಿ ಚಿಲ್ಲಿಂಗ್‌ವರ್ತ್, ಲೆನರ್ಡ್ ಕ್ವಾನ್, ಕೆಯೋಲಾ ಬೀಮರ್, ಲೆಡ್ವರ್ಡ್ ಕಾಅಪನ, ಗ್ಯಾಬಿಯ ಮಗ ಸಿರಿಲ್ ಪಹಿನುಯಿ, ಹೀಗೆ ಹಲವು ಕೈಗಳ ನಾದ ಆ ಸರಣಿಯಲ್ಲಿದೆ.

ಅವರು ಮಾಡಿದ ಆಯ್ಕೆಗಳನ್ನು ಗಮನಿಸಬೇಕು. ಮೊದಲನೆಯದಾಗಿ, ಬಹುಪಾಲು ಮುದ್ರಣಗಳಲ್ಲಿ ವಾದಕನ ಗಿಟಾರಿಗೇ ಮುಂದಿನ ಪೀಠ, ಎಷ್ಟೋ ಕಡೆ ಬೇರೆ ವಾದ್ಯವೇ ಇಲ್ಲ. ಈ ಹಿರಿಯರಲ್ಲಿ ಹೆಚ್ಚಿನವರು ಬದುಕಿಡೀ ತಂಡಗಳಲ್ಲಿ, ಗಾಯಕರ ಹಿಂದೆ ನುಡಿಸಿದವರು. ತಂಡದಲ್ಲಿ ಬಾಸ್ ವಾದ್ಯ ಇದ್ದರೆ ಹೆಬ್ಬೆರಳಿನ ನಡೆ ಮುಚ್ಚಿಹೋಗುತ್ತದೆ, ಪುಟ್ಟ ಗಿಟಾರಿನಂಥ ಉಕುಲೇಲೆ ಇದ್ದರೆ ತೆರೆದ ತಂತಿಗಳ ನಾದ ಮುಚ್ಚಿಹೋಗುತ್ತದೆ. ಒಂಟಿಯಾಗಿ ಕೂರಿಸಿದಾಗಲೇ ಒಂದು ಶ್ರುತಿಯೊಳಗೆ ಏನೇನಿದೆ ಎಂಬುದು ಹೊರಗೆ ಬರುವುದು. ಎರಡನೆಯದಾಗಿ, ಅಷ್ಟು ಪ್ರಸಿದ್ಧ ಪಿಯಾನೋ ವಾದಕ ಆ ಹಿರಿಯರ ಗಿಟಾರಿನ ಮೇಲೆ ತನ್ನ ಪಿಯಾನೋವನ್ನು ಹೇರಲಿಲ್ಲ. ತನ್ನ ಹೆಸರು ಮುಖಪುಟದಲ್ಲಿದ್ದರೆ ಮಾರಾಟ ಎಷ್ಟೋ ಪಟ್ಟು ಹೆಚ್ಚುತ್ತಿತ್ತು ಎಂದು ತಿಳಿಯದಷ್ಟು ಮುಗ್ಧ ಅವರಾಗಿರಲಾರರು. ಅವರ ಹೆಸರು ನಿರ್ಮಾಪಕರ ಜಾಗದಲ್ಲಿ, ಸಣ್ಣ ಅಕ್ಷರಗಳಲ್ಲಿ ಉಳಿಯಿತು.

ಮೂರನೆಯದು ನನ್ನ ಮಟ್ಟಿಗೆ ಎಲ್ಲಕ್ಕಿಂತ ದೊಡ್ಡದು. ಆಲ್ಬಂ ಜೊತೆಗಿನ ಪುಸ್ತಿಕೆಯಲ್ಲಿ ಪ್ರತಿ ಹಾಡಿನ ಪಕ್ಕ ಆ ಹಾಡಿನ ಶ್ರುತಿಯನ್ನು ಅಚ್ಚು ಹಾಕಿಸಿದರು. ಯಾವ ತಂತಿ ಯಾವ ಸ್ವರಕ್ಕೆ, ಆ ಶ್ರುತಿಗೆ ಹೆಸರೇನು, ಯಾರು ಅದನ್ನು ಬಳಸುತ್ತಿದ್ದರು ಎಂಬ ವಿವರ. ಬೆನ್ನು ತಿರುಗಿಸಿ ನುಡಿಸುತ್ತಿದ್ದವರ ಮಕ್ಕಳು, ಮೊಮ್ಮಕ್ಕಳು ತಾವಾಗಿಯೇ ಹೇಳಿ ಬರೆಸಿದ ಗುಟ್ಟುಗಳು ಅವು. ಇದು ಬರೀ ತಾಂತ್ರಿಕ ಜಾಣ್ಮೆಯಿಂದ ಆಗುವ ಕೆಲಸವಲ್ಲ. ಎದುರಿಗೆ ಕೂತವನ ಮೇಲೆ ನಂಬಿಕೆ ಹುಟ್ಟದೆ ಯಾವ ಅಜ್ಜನೂ ಬಿರಡೆಯ ಲೆಕ್ಕ ಬಿಟ್ಟುಕೊಡುವುದಿಲ್ಲ. ಸನ್ನಿ ಚಿಲ್ಲಿಂಗ್‌ವರ್ತ್ ಅವರ ಒಂಟಿ ಗಿಟಾರ್ ಆಲ್ಬಂ 1994ರಲ್ಲಿ ಬಂತು. ಅದೇ ವರ್ಷ ಅವರು ತೀರಿಕೊಂಡರು. 2000ದಲ್ಲಿ ಲೆನರ್ಡ್ ಕ್ವಾನ್, 2008ರಲ್ಲಿ ರೇಮಂಡ್ ಕಾನೆ ಹೋದರು. ಮುದ್ರಣ ಇನ್ನು ಸ್ವಲ್ಪ ತಡವಾಗಿದ್ದರೂ ಏನಾಗುತ್ತಿತ್ತು ಎಂದು ಈ ಇಸವಿಗಳೇ ಹೇಳುತ್ತವೆ. ವಿನ್‌ಸ್ಟನ್ ಕೂಡ 2023ರ ಜೂನ್‌ನಲ್ಲಿ ಇಲ್ಲವಾದರು.

ಇಷ್ಟು ಹೇಳಿದ ಮೇಲೆ ಒಂದು ಪ್ರಶ್ನೆಯನ್ನು ಮುಚ್ಚಿಡುವಂತಿಲ್ಲ. ಹವಾಯಿ ಸಂಗೀತದ ಪ್ರಾಣ ‘ಮೆಲೆ’, ಅಂದರೆ ಪದವುಳ್ಳ ಹಾಡು. ಆ ಪದಗಳಲ್ಲಿ ‘ಕಾವೊನ’ ಇರುತ್ತದೆ: ಮೇಲ್ನೋಟಕ್ಕೆ ಮಳೆ, ಹೂವು, ಜಲಪಾತ, ಒಳಗೆ ಒಬ್ಬ ವ್ಯಕ್ತಿ, ಒಂದು ಪ್ರೇಮ, ಒಂದು ನೋವು. ನಮ್ಮ ತತ್ವಪದಗಳ ಒಗಟಿನ ಮಾತನ್ನು ಬಲ್ಲವರಿಗೆ ಇದು ಹೊಸತಲ್ಲ. ಹಾಡನ್ನು ಬಿಟ್ಟು ಗಿಟಾರನ್ನಷ್ಟೇ ಉಳಿಸಿದರೆ ಭಾಷೆ ತಿಳಿಯದ ಹೊರಗಿನವರಿಗೆ ಅದು ಬಹಳ ಇಷ್ಟವಾಗುತ್ತದೆ, ಆದರೆ ಮನೆಯವರಿಗೆ ಅರ್ಧವೇ ದಕ್ಕುತ್ತದೆ. ಈ ಜಗಳ ಮುಂದೆ ಬಹಿರಂಗವಾಗಿಯೇ ನಡೆಯಿತು. ಗ್ರ್ಯಾಮಿ ಪ್ರಶಸ್ತಿಗಳಲ್ಲಿ 2005ರಿಂದ ಹವಾಯಿ ಸಂಗೀತಕ್ಕೆ ಪ್ರತ್ಯೇಕ ವಿಭಾಗ ಬಂದಾಗ ಮೊದಲ ವರ್ಷ ಗೆದ್ದದ್ದೇ ಸಡಿಲ ತಂತಿಯ ಗಿಟಾರ್ ಸಂಕಲನ. ಮುಂದಿನ ವರ್ಷಗಳಲ್ಲೂ ಅಂಥವೇ ಗೆಲ್ಲುತ್ತಾ ಹೋದಾಗ, ಹವಾಯಿಯನ್ ಭಾಷೆಯಲ್ಲಿ ಹಾಡುವವರು ನಮ್ಮ ನುಡಿಗೆ ಜಾಗವೆಲ್ಲಿ ಎಂದು ಕೇಳಿದರು. 2011ರ ನಂತರ ವಿಭಾಗವನ್ನೇ ತೆಗೆದುಹಾಕಿದರು. ನನ್ನ ಮನಸ್ಸು ಹಾಡುವವರ ಕಡೆಗೇ ವಾಲುತ್ತದೆ. ನುಡಿ ಶಾಲೆಯಿಂದ ಹೊರದೂಡಿಸಿಕೊಂಡ ಜನರಿಗೆ ಹಾಡಿನ ಒಂದೊಂದು ಪದವೂ ಮರಳಿ ಪಡೆದ ಅಂಗೈಯಗಲ ನೆಲ.

ಪದಗಳ ಕಡೆಯಿಂದ ಉಳಿಸುವ ಕೆಲಸ ಮಾಡಿದವರು ಎಡ್ಡಿ ಕಮಾಎ. ಉಕುಲೇಲೆ ವಾದನದಲ್ಲಿ ಅವರದು ದೊಡ್ಡ ಹೆಸರು. 1960ರ ಸುಮಾರಿಗೆ ಗ್ಯಾಬಿಯ ಜೊತೆಗೂಡಿ ‘ಸನ್ಸ್ ಆಫ್ ಹವಾಯಿ’ ತಂಡ ಕಟ್ಟಿದರು. ಆಮೇಲೆ ಹಳೆಯ ಹಾಡುಗಳ ಜಾಡು ಹಿಡಿದು ಹೊರಟರು. ಹವಾಯಿಯನ್ ನಿಘಂಟಿನ ಕರ್ತೃಗಳಲ್ಲಿ ಒಬ್ಬರಾದ ವಿದ್ವಾಂಸೆ ಮೇರಿ ಕವೇನಾ ಪುಕುಯಿ ಅವರಿಗೆ ದಾರಿ ತೋರಿದರು. ಆ ದಾರಿ ವೈಪಿಯೋ ಕಣಿವೆಯ ಹಿರಿಯ ಹಾಡುಗಾರ ಸ್ಯಾಮ್ ಲಿಅ ಅವರ ಬಳಿಗೆ ಹೋಯಿತು. ಕಮಾಎ ಕಣಿವೆಗೆ ಹೋಗಿ ಹಾಡು ಹೇಳಿಸಿಕೊಂಡರು, ಯಾವ ಪದ ಯಾವ ಬಂಡೆಯನ್ನು, ಯಾವ ಗಾಳಿಯನ್ನು ಕುರಿತದ್ದೆಂದು ಕೇಳಿ ತಿಳಿದರು, ಮುಂದೆ ಆ ಹಿರಿಯರ ಬಗ್ಗೆ ಸಾಕ್ಷ್ಯಚಿತ್ರವನ್ನೇ ಮಾಡಿದರು. ವಿನ್‌ಸ್ಟನ್ ತಂತಿಗಳ ಲೆಕ್ಕ ಬರೆದಿಟ್ಟರೆ ಕಮಾಎ ಮಾತಿನ ಲೆಕ್ಕ ಬರೆದಿಟ್ಟರು. ಎರಡು ಪುಸ್ತಕಗಳನ್ನೂ ಪಕ್ಕದಲ್ಲಿಟ್ಟುಕೊಂಡವರಿಗೆ ಮಾತ್ರ ಹಾಡು ಪೂರ್ತಿ ಸಿಗುತ್ತದೆ.

ಕನ್ನಡಿಗರಲ್ಲಿ ಹಲವರು ‘ಹವಾಯಿಯನ್ ಗಿಟಾರ್’ ಎಂಬ ಮಾತನ್ನು ಕೇಳಿರುತ್ತೀರಿ. ಹಳೆಯ ಚಿತ್ರಗೀತೆಗಳ ನಡುವೆ ಜಾರಿ ಬರುವ, ಅಳುವಿನಂಥ ಆ ದನಿ. ಅದು ಕೀ ಹೋಅಲು ಅಲ್ಲ, ಅದರ ಮಗು. ತಂತಿಗಳನ್ನು ಹಾಗೆ ತೆರೆದ ಶ್ರುತಿಗೆ ಕೂಡಿಸಿದ್ದರಿಂದಲೇ, ಬೆರಳಿನ ಬದಲು ಒಂದೇ ಲೋಹದ ತುಂಡನ್ನು ಅಡ್ಡಲಾಗಿ ಇಟ್ಟು ಜಾರಿಸಿದರೂ ಸ್ವರಗಳು ಹೊಂದಿಕೊಂಡು ಬರುತ್ತವೆ. 1880ರ ದಶಕದ ಕೊನೆಯಲ್ಲಿ ಜೋಸೆಫ್ ಕೆಕುಕು ಎಂಬ ಹುಡುಗ ಒವಾಹು ದ್ವೀಪದಲ್ಲಿ ಈ ತಂತ್ರವನ್ನು ರೂಪಿಸಿದ ಎನ್ನುತ್ತಾರೆ. ನಮ್ಮ ಗೋಟುವಾದ್ಯ ಬಲ್ಲವರಿಗೆ ಜಾರುವ ನಾದದ ಸುಖ ಹೊಸದಲ್ಲ. ಹವಾಯಿಯ ಟಾವ್ ಮೋ ಕುಟುಂಬದ ಸಂಗೀತ ತಂಡ 1940ರ ದಶಕದಲ್ಲಿ ಕಲ್ಕತ್ತೆಯಲ್ಲಿ ನೆಲೆಸಿತ್ತು. ಮುಂದೆ ಬೃಜಭೂಷಣ್ ಕಾಬ್ರಾ ಆ ಗಿಟಾರನ್ನು ಹಿಂದೂಸ್ತಾನಿ ರಾಗಗಳಿಗೆ ಒಗ್ಗಿಸಿದರು. 1975ರಲ್ಲಿ ಗ್ಯಾಬಿ ಪಹಿನುಯಿ ಅವರ ತಂಡದ ಆಲ್ಬಂನಲ್ಲಿ ಜೊತೆಗೆ ನುಡಿಸಿದ ಅಮೆರಿಕದ ರೈ ಕೂಡರ್, ಮುಂದೆ ನಮ್ಮ ಜೈಪುರದ ಗಿಟಾರ್ ವಾದಕ ವಿಶ್ವಮೋಹನ ಭಟ್ಟರ ಜೊತೆ ಕೂತು ನುಡಿಸಿದರು, 1993ರಲ್ಲಿ ಹೊರಬಂದ ಆ ಮುದ್ರಣಕ್ಕೆ ಮರುವರ್ಷ ಗ್ರ್ಯಾಮಿ ಬಂತು. ಮೆಕ್ಸಿಕೋದ ದನಗಾಹಿ ಹವಾಯಿಗೆ ಕೊಟ್ಟ ವಾದ್ಯ ಹೀಗೆ ಜೈಪುರದವರೆಗೆ ಬಂದು ತಲುಪಿತು.

ಮನೆಯಲ್ಲಿ ಗಿಟಾರ್ ಇದ್ದರೆ ಇಂದೇ ಒಂದು ಕೆಲಸ ಮಾಡಿ ನೋಡಬಹುದು. ಅತ್ಯಂತ ದಪ್ಪ ತಂತಿಯನ್ನು ಇ ಇಂದ ಡಿ ಗೆ ಇಳಿಸಿ. ಅದರ ಪಕ್ಕದ್ದನ್ನು ಎ ಇಂದ ಜಿ ಗೆ ಇಳಿಸಿ. ಅತ್ಯಂತ ತೆಳುವಾದದ್ದನ್ನು ಇ ಇಂದ ಡಿ ಗೆ ಇಳಿಸಿ. ಉಳಿದ ಮೂರನ್ನು ಮುಟ್ಟಬೇಡಿ. ಈಗ ಹೆಬ್ಬೆರಳಿನಿಂದ ಮೆಲ್ಲನೆ ಆರೂ ತಂತಿಗಳನ್ನು ಸವರಿ, ನಾದ ತಾನಾಗಿ ಆರುವವರೆಗೆ ಕೇಳಿ. ಹವಾಯಿಯವರು ಈ ಸಂಗೀತವನ್ನು ‘ನಹೆನಹೆ’ ಎನ್ನುತ್ತಾರೆ. ಮೃದು, ಇಂಪು, ತಣಿವು ಮೂರೂ ಸೇರಿದ ಮಾತು ಅದು. ನುಡಿಸಿ ಮುಗಿದ ಮೇಲೆ ಗಿಟಾರನ್ನು ಗೋಡೆಗೆ ಒರಗಿಸಿ, ಬಿರಡೆಗಳನ್ನು ಮಾತ್ರ ಹಾಗೆಯೇ ಬಿಡಿ. ಮನೆಯಲ್ಲಿ ಇನ್ನೊಬ್ಬರು ಬಂದು ತಂತಿ ಮೀಟಲಿ.